ನೀರು ಬಂದ ದಿನ ಕ್ಯಾಮೆರಾ ಇರಲಿಲ್ಲ: 41 ಗಂಟೆಯ ಫೂಟೇಜ್ ಎಡಿಟ್ ಮಾಡುವುದು ಹೇಗೆ?

ಪೆರ್ಲದವಳು:

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಓದಿ.

ನಾನು ಕಾಸರಗೋಡಿನ ಪೆರ್ಲದ ಹತ್ತಿರದವಳು. ಬಿ.ಎ. ಆದ ಮೇಲೆ ಮೂರು ವರ್ಷದಿಂದ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ಎಡಿಟ್ ಮಾಡುತ್ತಿದ್ದೇನೆ. ಕೆಲಸ ಇಷ್ಟ. ಆದರೆ ನನಗೆ ಡಾಕ್ಯುಮೆಂಟರಿ ಎಡಿಟರ್ ಆಗಬೇಕು ಅಂತ ಆಸೆ. ಮನೆಯಲ್ಲಿ ಬಿ.ಎಡ್. ಮಾಡು ಅನ್ನುತ್ತಾರೆ.

ಈಗ ವಿಷಯ. ನನ್ನ ಸೋದರಮಾವ ಸುರಂಗ ತೋಡುವವರು. ನಮ್ಮ ಊರಿನವರಿಗೆ ಹೇಳಬೇಕಾಗಿಲ್ಲ, ಬೇರೆ ಕಡೆಯವರಿಗಾಗಿ ಹೇಳುತ್ತೇನೆ. ಬಾವಿಯ ಹಾಗೆ ಕೆಳಗೆ ಅಲ್ಲ, ಗುಡ್ಡದ ಬದಿಯಿಂದ ಒಳಕ್ಕೆ ಮುರಕಲ್ಲು, ಅಂದರೆ ಕೆಂಪುಕಲ್ಲು, ಕಡಿಯುತ್ತಾ ಅಡ್ಡಡ್ಡ ಹೋಗುವುದು. ಒಬ್ಬರು ನಿಲ್ಲುವಷ್ಟೇ ಜಾಗ. ನೀರು ಸಿಕ್ಕಿದರೆ ಪಂಪ್ ಬೇಡ, ಕರೆಂಟ್ ಬೇಡ, ತಾನಾಗಿ ಹರಿದು ಹೊರಗೆ ಬರುತ್ತದೆ. ಸಿಕ್ಕೇ ಸಿಗುತ್ತದೆ ಅಂತ ಹೇಳುವವರು ಯಾರೂ ಇಲ್ಲ. ಗಡಿಯ ಆಚೆ ಅಡ್ಯನಡ್ಕದ ಹತ್ತಿರ ಸುರಂಗ ತೋಡಿ ನೀರು ತಂದ ಅಮೈ ಮಹಾಲಿಂಗ ನಾಯ್ಕರಿಗೆ 2022ರಲ್ಲಿ ಪದ್ಮಶ್ರೀ ಬಂತಲ್ಲ, ಆವಾಗ ನಮ್ಮ ಬಾವನಿಗೆ, ಅಂದರೆ ಮಾವನ ಮಗನಿಗೆ, ಅಪ್ಪನ ಕೆಲಸವನ್ನು ಶೂಟ್ ಮಾಡಿ ಇಡಬೇಕು ಅಂತ ಹೊಳೆಯಿತು. ಎರಡು ವರ್ಷ ಬಿಡುವು ಸಿಕ್ಕಿದಾಗೆಲ್ಲ ಶೂಟ್ ಮಾಡಿದ. ಒಂದು ಕ್ಯಾಮೆರಾ, ಕೆಲವು ಸಲ ಬರೀ ಮೊಬೈಲ್. ಒಟ್ಟು 41 ಗಂಟೆ ಇದೆ.

ಕಷ್ಟ ಇರುವುದು ಇಲ್ಲಿ. ನೀರು ಬಂದ ದಿನ ಬಾವ ಊರಲ್ಲೇ ಇರಲಿಲ್ಲ. ಇಂಟರ್‌ವ್ಯೂ ಅಂತ ಮಂಗಳೂರಿಗೆ ಹೋಗಿದ್ದ. ಎರಡು ವರ್ಷ ಕಾದದ್ದು ಆ ಒಂದು ಗಳಿಗೆಗೆ. ಅದೇ ಇಲ್ಲ. ಈಗ ಅವನು ಹೇಳುತ್ತಾನೆ, ಅಪ್ಪನನ್ನು ಮತ್ತೆ ಒಳಗೆ ಕಳಿಸಿ, ಮುಖಕ್ಕೆ ನೀರು ಎರಚಿ, ಆವಾಗಲೇ ಬಂದ ಹಾಗೆ ಶೂಟ್ ಮಾಡೋಣ, ಯಾರಿಗೆ ಗೊತ್ತಾಗುತ್ತದೆ ಅಂತ. ಮಾವ "ಆಗಲಿ, ನೀವು ಹೇಳಿದ ಹಾಗೆ" ಅಂದಿದ್ದಾರೆ. ನನಗೆ ಯಾಕೋ ಮನಸ್ಸು ಒಪ್ಪುತ್ತಿಲ್ಲ. ಆದರೆ ಆ ಶಾಟ್ ಇಲ್ಲದೆ ಸಿನಿಮಾ ಹೇಗೆ ಮುಗಿಸುವುದು ಅಂತಲೂ ಗೊತ್ತಾಗುತ್ತಿಲ್ಲ.

41 ಗಂಟೆಯನ್ನು 30 ನಿಮಿಷಕ್ಕೆ ತರುವುದು ಎಲ್ಲಿಂದ ಶುರು? ಮದುವೆಯಲ್ಲಾದರೆ ಮುಹೂರ್ತ, ಧಾರೆ, ಊಟ ಅಂತ ದಾರಿ ಇರುತ್ತದೆ, ಇಲ್ಲಿ ದಾರಿಯೇ ಇಲ್ಲ. ಮತ್ತೆ, ಇದನ್ನು ನಂಬಿ ಬದುಕಬಹುದಾ? ಪುಣೆಗೋ ಕೋಟ್ಟಯಂಗೋ ಹೋಗಿ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿಯಲೇಬೇಕಾ?

ಕುಂಬ್ಳೆಯ ಎಡಿಟರ್:

ತಂಗಿ, ಬಾವನಿಗೆ ಇವತ್ತೇ ಹೇಳು, ಆ ಶೂಟ್ ಬೇಡ. ಯಾಕೆ ಅಂತ ಕೊನೆಗೆ ಹೇಳುತ್ತೇನೆ.

ನಾನು 18 ವರ್ಷದಿಂದ ಇದೇ ಕೆಲಸ ಮಾಡುತ್ತಿದ್ದೇನೆ. ಮೊದಲು ಬೆಂಗಳೂರು, ಆಮೇಲೆ ತಿರುವನಂತಪುರ, ಈಗ ಊರಲ್ಲೇ ಕೂತು ಮಾಡುತ್ತೇನೆ. ನಿನಗೆ ನನ್ನ ಮೊದಲ ಪ್ರಶ್ನೆ: 41 ಗಂಟೆಯನ್ನು ಪೂರ್ತಿ ನೋಡಿದ್ದೀಯಾ? ಓಡಿಸಿಕೊಂಡು ಅಲ್ಲ, ಅದರ ವೇಗದಲ್ಲೇ? ನೋಡಿಲ್ಲ ಅಂತ ನನ್ನ ಅಂದಾಜು, ಯಾಕೆಂದರೆ ನೋಡಿದವರು ದಾರಿ ಇಲ್ಲ ಅನ್ನುವುದಿಲ್ಲ, ದಾರಿ ಜಾಸ್ತಿ ಆಯಿತು ಅನ್ನುತ್ತಾರೆ.

ದಿನಕ್ಕೆ ನಾಲ್ಕು ಗಂಟೆ ನೋಡು, ಹತ್ತು ಹನ್ನೊಂದು ದಿನದಲ್ಲಿ ಮುಗಿಯುತ್ತದೆ. ಅದಕ್ಕಿಂತ ಜಾಸ್ತಿ ಬೇಡ, ಕಣ್ಣು ನೋಡುತ್ತಿರುತ್ತದೆ, ಒಳಗೆ ಏನೂ ಇಳಿಯುವುದಿಲ್ಲ. ಪಕ್ಕದಲ್ಲಿ ಒಂದು ನೋಟ್‌ಬುಕ್ ಇಟ್ಟುಕೋ. ಎಲ್ಲಿ ನಗು ಬಂತು, ಎಲ್ಲಿ ಗಂಟಲು ಕಟ್ಟಿತು, ಎಲ್ಲಿ ಎದ್ದು ಹೋಗಿ ನೀರು ಕುಡಿಯಬೇಕು ಅನಿಸಿತು, ಮೆಮೊರಿ ಕಾರ್ಡಿನ ನಂಬರ್ ಮತ್ತು ಸಮಯ ಸಮೇತ ಬರೆ. ಮೊದಲ ಸಲ ನೋಡುವುದು ಒಂದೇ ಸಲ ತಾನೇ. ಮೂವತ್ತನೇ ಸಲ ನೋಡುವಾಗ ನಿನಗೆ ಏನೂ ಅನಿಸುವುದಿಲ್ಲ, ಒಳ್ಳೆಯ ಶಾಟ್ ಕೂಡ ಸಪ್ಪೆ ಅನಿಸುತ್ತದೆ, ಆವಾಗ ಆ ನೋಟ್‌ಬುಕ್ ಒಂದೇ ಆಧಾರ.

ಆಮೇಲೆ ಮಾತು ಬರೆದುಕೊಳ್ಳುವುದು. ಇದು ಬೇಸರದ ಕೆಲಸ, ಆದರೂ ಬಿಡಬೇಡ. ಅವರು ಆಡಿದ ಭಾಷೆಯಲ್ಲೇ ಬರೆ. ತುಳುವಾದರೆ ತುಳು, ಮಲಯಾಳವಾದರೆ ಮಲಯಾಳ. ಇದನ್ನು ಒತ್ತಿ ಹೇಳಲು ಕಾರಣ ಇದೆ. ನಮ್ಮ ಭಾಷೆಗಳಲ್ಲಿ ಮಾತಿನ ಅರ್ಥ ಬಾಲದಲ್ಲಿ ಇರುತ್ತದೆ. "ಅವರು ದುಡ್ಡು ಕೊಟ್ಟಿಲ್ಲ ಅಂತ ನಾನು ಹೇಳುವುದಿಲ್ಲ" ಅಂತ ಒಬ್ಬರು ಹೇಳಿದರು ಅಂದುಕೋ. "ಕೊಟ್ಟಿಲ್ಲ" ಅನ್ನುವಲ್ಲಿ ಕಟ್ ಮಾಡಿದರೆ ಏನಾಯಿತು? ಹೇಳಿದ್ದಕ್ಕೆ ಪೂರ್ತಿ ಉಲ್ಟಾ. ಕಿವಿಗೆ ಏನೂ ತಪ್ಪಿದ ಹಾಗೆ ಕೇಳುವುದೂ ಇಲ್ಲ. ಭಾಷೆ ಗೊತ್ತಿಲ್ಲದ ಎಡಿಟರ್ ಬರೀ ಇಂಗ್ಲಿಷ್ ಅನುವಾದ ನೋಡಿ ಕಟ್ ಮಾಡಿದ ಒಂದು ಕೆಲಸ ರಿಪೇರಿಗೆ ಅಂತ ನನ್ನ ಹತ್ತಿರ ಬಂದಿತ್ತು. ಮೂರು ಜನರ ಮಾತು ಬಾಲ ಕತ್ತರಿಸಿ ಹೋಗಿತ್ತು. ಅದರಲ್ಲಿ ಒಬ್ಬರು ತಮ್ಮ ಸ್ವಂತ ಅಣ್ಣನ ಮೇಲೆ ಆರೋಪ ಮಾಡಿದ ಹಾಗೆ ಆಗಿತ್ತು. ಅದನ್ನು ಊರಲ್ಲಿ ತೋರಿಸಿದ್ದರೆ ಆ ಮನೆ ಒಡೆಯುತ್ತಿತ್ತು. ತುಳು, ಕನ್ನಡ, ಮಲಯಾಳ ಮೂರೂ ಕಿವಿಯಲ್ಲಿ ಇರುವ ನೀನು ಇಲ್ಲಿ ಪುಣೆಯಲ್ಲಿ ಕಲಿತವರಿಗಿಂತ ಒಂದು ಹೆಜ್ಜೆ ಮುಂದೆ ಇದ್ದೀಯಾ. ಇದನ್ನು ಮರೆಯಬೇಡ.

ಬರೆದಾದ ಮೇಲೆ ಒಂದೊಂದು ಸನ್ನಿವೇಶಕ್ಕೆ ಒಂದು ಚೀಟಿ ಮಾಡಿ ಗೋಡೆಗೆ ಅಂಟಿಸು. "ಮಾವ ದೀಪ ಹಚ್ಚಿ ಗಾಳಿ ಇದೆಯಾ ನೋಡುತ್ತಾರೆ", "ಅತ್ತೆ ಮಣ್ಣಿನ ಬುಟ್ಟಿ ಹೊರುತ್ತಾರೆ", ಹೀಗೆ. ಯಾವುದು ಮುಂದೆ ಯಾವುದು ಹಿಂದೆ ಅಂತ ಗೋಡೆಯ ಮೇಲೆ ಆಡಿಸು. ಕಂಪ್ಯೂಟರ್ ಆಮೇಲೆ.

ಯಾವುದನ್ನು ಬಿಡುವುದು ಅಂತ ತಿಳಿಯಲು ಯಕ್ಷಗಾನದಲ್ಲಿ ಪದ್ಯ ಹಾಡಿ ಆಟ ನಡೆಸುವ ಭಾಗವತರನ್ನು ನೋಡು. ನಮ್ಮದು ಯಕ್ಷಗಾನ ಕವಿ ಪಾರ್ತಿಸುಬ್ಬನ ಊರು, ಹಾಗಾಗಿ ನನಗೆ ಈ ಕೆಲಸದ ಮೊದಲ ಪಾಠ ಆಟದ ಕಳದಲ್ಲೇ ಸಿಕ್ಕಿತು. ರಾತ್ರಿ ಪೂರ್ತಿ ಆಡುತ್ತಿದ್ದ ಪ್ರಸಂಗವನ್ನು ಈಗ ಕಾಲಮಿತಿ ಅಂತ ಮೂರ್ನಾಲ್ಕು ಗಂಟೆಗೆ ತರುತ್ತಾರೆ ಅಲ್ವಾ. ಒಳ್ಳೆಯ ಭಾಗವತರು ಎಲ್ಲ ಪದ್ಯವನ್ನೂ ಓಡಿಸಿಕೊಂಡು ಹಾಡುವುದಿಲ್ಲ. ಕೆಲವನ್ನು ಪೂರ್ತಿ ಬಿಡುತ್ತಾರೆ, ಉಳಿಸಿದ್ದಕ್ಕೆ ಅದರ ಸಮಯ ಕೊಡುತ್ತಾರೆ. ಒಬ್ಬ ವೇಷಧಾರಿಯ ಅರ್ಥ, ಅಂದರೆ ಮಾತು, ಉದ್ದ ಆಯಿತು ಅಂತ ಕಂಡರೆ ಮುಂದಿನ ಪದ್ಯ ಎತ್ತುತ್ತಾರೆ, ರಂಗ ಏರುತ್ತಿದೆ ಅಂತ ಕಂಡರೆ ಸುಮ್ಮನೆ ಕಾಯುತ್ತಾರೆ. ಯಾರಾದರೂ ಮನಸ್ಸು ಬದಲಿಸುವ ಪದ್ಯವನ್ನು ಮಾತ್ರ ಯಾವತ್ತೂ ಬಿಡುವುದಿಲ್ಲ. ನೀನೂ ಹಾಗೇ ಹುಡುಕು. ಮಾವ "ಇನ್ನು ಸಾಕು" ಅಂತ ಪಿಕ್ಕಾಸು ಕೆಳಗೆ ಇಟ್ಟ ದಿನ ಒಂದು ಇರುತ್ತದೆ. ಮತ್ತೆ ಎತ್ತಿಕೊಂಡ ದಿನವೂ ಇರುತ್ತದೆ. ಆ ಎರಡರ ನಡುವೆ ಇದೆ ನಿನ್ನ ಸಿನಿಮಾ.

ಈಗ ಆ ಶಾಟ್. ಮತ್ತೆ ಮಾಡಿಸಿ ತೋರಿಸುವುದು ಯಾವಾಗಲೂ ತಪ್ಪು ಅಂತ ನಾನು ಹೇಳುವುದಿಲ್ಲ. ಡಾಕ್ಯುಮೆಂಟರಿಯಲ್ಲಿ ಮೊದಲಿನಿಂದಲೂ ಅದು ಇದೆ. ಆದರೆ ಇದು ಮತ್ತೆ ಮಾಡಿದ್ದು ಅಂತ ನೋಡುವವರಿಗೆ ಗೊತ್ತಾಗಬೇಕು. ನಿಮ್ಮ ಬಾವ ಹೇಳುವುದು ಮುಚ್ಚಿಟ್ಟು ಮಾಡುವುದು. ಎರಡು ವರ್ಷ ಕ್ಯಾಮೆರಾ ಮುಂದೆ ಒಂದು ದಿನವೂ ನಟಿಸದ ಮನುಷ್ಯನಿಂದ 20 ಸೆಕೆಂಡ್ ನಟನೆ ಮಾಡಿಸಿದರೆ ಉಳಿದ 29 ನಿಮಿಷದ ಮೇಲೂ ಅನುಮಾನ ಬರುತ್ತದೆ. ಅವರು "ನೀವು ಹೇಳಿದ ಹಾಗೆ" ಅಂದದ್ದು ಮಕ್ಕಳ ಮೇಲಿನ ಪ್ರೀತಿಯಿಂದ. ಆ ಪ್ರೀತಿಯನ್ನು ಹೀಗೆ ಬಳಸಬಾರದು.

ನನಗೆ ಒಂದು ವಿಷಯ ಹೇಳು. ನೀರು ಬಂತು ಅಂತ ನಿಮಗೆ ಗೊತ್ತಾದದ್ದು ಹೇಗೆ? ಯಾರು ಹೇಳಿದರು? ನೀನು ಆಗ ಎಲ್ಲಿದ್ದೆ?

ಉಪ್ಪಳ ಸೌಂಡ್:

ಮೇಲಿನ ಅಣ್ಣ ಹೇಳಿದ್ದೆಲ್ಲ ಸರಿ, ನಾನು ಬರೀ ಯಂತ್ರದ ವಿಷಯ ಹೇಳುತ್ತೇನೆ. ಮೊಬೈಲ್ ಫೂಟೇಜ್ ಅಂದರೆ ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಫ್ರೇಮ್ ಅನ್ನುವುದು) ಸ್ಥಿರ ಇರುವುದಿಲ್ಲ, ಬೆಳಕು ಕಡಿಮೆ ಆದ ಹಾಗೆ ಬದಲಾಗುತ್ತದೆ. ಸುರಂಗದೊಳಗೆ ಅಂತೂ ಖಂಡಿತ. ಹಾಗೇ ಟೈಮ್‌ಲೈನಿಗೆ ಹಾಕಿದರೆ ಹತ್ತು ನಿಮಿಷ ಆಗುವಾಗ ತುಟಿ ಒಂದು ಕಡೆ ಮಾತು ಒಂದು ಕಡೆ. ಮೊದಲೇ ಹ್ಯಾಂಡ್‌ಬ್ರೇಕ್ ಅನ್ನುವ ಸಾಫ್ಟ್‌ವೇರಿನಲ್ಲಿ ಸ್ಥಿರ ಫ್ರೇಮ್ ರೇಟಿಗೆ ಬದಲಿಸಿಕೊಳ್ಳಿ. ಕ್ಯಾಮೆರಾ 25ರಲ್ಲಿ ಇದ್ದರೆ ಟೈಮ್‌ಲೈನ್ ಕೂಡ 25 ಇರಲಿ. ಕಂಪ್ಯೂಟರ್ ಸಣ್ಣದಾದರೆ ಪ್ರಾಕ್ಸಿ, ಅಂದರೆ ಹಗುರವಾದ ನಕಲು, ಮಾಡಿ ಎಡಿಟ್ ಮಾಡಿ. ಎಡಿಟಿಂಗ್ ಸಾಫ್ಟ್‌ವೇರ್ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿ ಇಷ್ಟಕ್ಕೆ ಸಾಕು.

ಫೂಟೇಜ್ ಮೂರು ಕಡೆ ಇರಲಿ, ಅದರಲ್ಲಿ ಒಂದು ಬೇರೆ ಮನೆಯಲ್ಲಿ. ನಮ್ಮ ಕಡೆ ಪತ್ತನಾಜೆಯ ಹೊತ್ತಿಗೆ, ಅಂದರೆ ಮೇ ಕೊನೆಗೆ, ಸಿಡಿಲು ಹೇಗಿರುತ್ತದೆ ಅಂತ ಗೊತ್ತಲ್ಲ. ಎಡಿಟ್ ಮಾಡುತ್ತಿದ್ದಾಗಲೇ ಒಂದು ಸಿಡಿಲಿಗೆ ನನ್ನ ಕಂಪ್ಯೂಟರ್, ಅದಕ್ಕೆ ಹಾಕಿದ್ದ ಎರಡು ಹಾರ್ಡ್‌ಡಿಸ್ಕ್ ಎಲ್ಲ ಒಟ್ಟಿಗೆ ಹೋಯಿತು. ಒಬ್ಬ ಮುದುಕರ ಸಂದರ್ಶನ ಅದರಲ್ಲಿತ್ತು. ಅವರು ಈಗ ಇಲ್ಲ.

ಇನ್ನೊಂದು. ಸುರಂಗದ ಒಳಗೆ ಯಾರೂ ಮಾತಾಡದೆ ಎರಡು ನಿಮಿಷ ಬರೀ ಶಬ್ದ ರೆಕಾರ್ಡ್ ಮಾಡಿ ತನ್ನಿ, ಬಾಯಿಯ ಹತ್ತಿರ ಒಂದು, ಕೊನೆಯಲ್ಲಿ ಒಂದು. ಕಟ್‌ಗಳ ನಡುವೆ ತುಂಬಲು ಅದು ಬೇಕೇ ಬೇಕು.

ಮಂಜೇಶ್ವರ ಟು ಮುಂಬೈ:

ಬದುಕಬಹುದಾ ಅಂತ ಕೇಳಿದ್ದೀರಲ್ಲ, ಅದಕ್ಕೆ ನಾನು ಉತ್ತರ ಹೇಳುತ್ತೇನೆ. ಬದುಕಬಹುದು, ಆದರೆ ಬರೀ ಡಾಕ್ಯುಮೆಂಟರಿ ನಂಬಿ ಮೊದಲ ಕೆಲವು ವರ್ಷ ಕಷ್ಟ. ನಾನು 9 ವರ್ಷದಿಂದ ಮುಂಬೈಯಲ್ಲಿದ್ದೇನೆ. ವರ್ಷದಲ್ಲಿ ಅರ್ಧ ಕಂಪನಿಗಳ ವಿಡಿಯೋ, ಸಂಸ್ಥೆಗಳ ಸಣ್ಣ ಚಿತ್ರ. ಆ ದುಡ್ಡಿನಲ್ಲಿ ಉಳಿದ ಅರ್ಧ ವರ್ಷ ನನಗೆ ಬೇಕಾದ ಚಿತ್ರ. ಮದುವೆ ವಿಡಿಯೋ ಕೆಲಸ ಈಗಲೇ ಬಿಡಬೇಡಿ. ಅದು ನಿಮಗೆ ಕೈ ವೇಗ ಕೊಟ್ಟಿದೆ, ಜನರ ಮುಖ ನೋಡುವುದನ್ನು ಕಲಿಸಿದೆ. ಧಾರೆಯ ಹೊತ್ತಿಗೆ ಹುಡುಗಿಯ ಅಮ್ಮನ ಕಡೆ ಕಟ್ ಮಾಡಬೇಕು ಅಂತ ನಿಮಗೆ ಯಾರೂ ಹೇಳಿಕೊಡಲಿಲ್ಲ ಅಲ್ವಾ?

ಕಲಿಯುವ ಜಾಗಗಳು: ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ (ಎಫ್‌ಟಿಐಐ) 1960ರಲ್ಲಿ ಹಳೆಯ ಪ್ರಭಾತ್ ಸ್ಟುಡಿಯೋದ ಜಾಗದಲ್ಲಿ ಶುರುವಾದದ್ದು. ಕೋಲ್ಕತ್ತಾದ ಸತ್ಯಜಿತ್ ರಾಯ್ ಇನ್‌ಸ್ಟಿಟ್ಯೂಟ್ 1995ರದ್ದು. ಎರಡರಲ್ಲೂ ಎಡಿಟಿಂಗಿಗೆ ಮೂರು ವರ್ಷದ ಕೋರ್ಸ್ ಇದೆ, ಡಿಗ್ರಿ ಬೇಕು, ಪ್ರವೇಶ ಪರೀಕ್ಷೆ ಇದೆ, ಸೀಟು ಬಹಳ ಕಡಿಮೆ. ಕೋಟ್ಟಯಂನ ಕೆ.ಆರ್. ನಾರಾಯಣನ್ ಇನ್‌ಸ್ಟಿಟ್ಯೂಟ್ ಕೇರಳ ಸರಕಾರದ್ದು, ನಿಮಗೆ ಹತ್ತಿರ. ಪರೀಕ್ಷೆ ಬರೆಯಿರಿ, ಸಿಕ್ಕಿದರೆ ಹೋಗಿ. ಅಲ್ಲಿ ಸಿಗುವ ದೊಡ್ಡ ಲಾಭ ಜೊತೆಗಾರರು. ನಾಳೆ ನಿಮಗೆ ಕೆಲಸ ಕೊಡುವವರು ಅವರೇ. ಸಿಗದಿದ್ದರೆ ಯಾರಾದರೂ ಎಡಿಟರ್ ಕೈಕೆಳಗೆ ಅಸಿಸ್ಟೆಂಟ್ ಆಗಿ. ಫೂಟೇಜ್ ಜೋಡಿಸುವುದು, ಹೆಸರಿಡುವುದು, ಧ್ವನಿ ಹೊಂದಿಸುವುದು. ಅಡುಗೆಮನೆಯಲ್ಲಿ ತರಕಾರಿ ಹೆಚ್ಚುತ್ತಾ ಅಡುಗೆ ಕಲಿತ ಹಾಗೆ.

ಅದಕ್ಕೂ ಮೊದಲು ಒಂದು ಕೆಲಸ ಮಾಡಿ. ತಿರುವನಂತಪುರದಲ್ಲಿ ಕೇರಳ ಚಲನಚಿತ್ರ ಅಕಾಡೆಮಿ 2008ರಿಂದ ಡಾಕ್ಯುಮೆಂಟರಿ ಮತ್ತು ಕಿರುಚಿತ್ರಗಳ ಉತ್ಸವ ನಡೆಸುತ್ತಿದೆ. ಕಾಸರಗೋಡಿನಲ್ಲಿ ಸಂಜೆ ಮಾವೇಲಿ ರೈಲು ಹತ್ತಿದರೆ ಬೆಳಿಗ್ಗೆ ಅಲ್ಲಿ. ದಿನಕ್ಕೆ ಐದಾರು ಚಿತ್ರ ನೋಡಿ. ನನ್ನ ಮಟ್ಟಿಗೆ ಆ ಕೆಲವು ದಿನ ಒಂದು ವರ್ಷದ ಪಾಠಕ್ಕೆ ಸಮ ಆಯಿತು.

ದುಡ್ಡಿನ ವಿಷಯ ಬಾಯಿಮಾತಿನಲ್ಲಿ ಬಿಡಬೇಡಿ. ಪರಿಚಯದವರಾದರೂ ಬರೆದುಕೊಳ್ಳಿ. ಶುರುವಿನಲ್ಲಿ ಮೂರನೇ ಒಂದು ಭಾಗ, ರಫ್ ಕಟ್‌ಗೆ (ಮೊದಲ ಕಚ್ಚಾ ಜೋಡಣೆಗೆ) ಒಂದು ಭಾಗ, ಪಿಕ್ಚರ್ ಲಾಕ್‌ಗೆ (ಇನ್ನು ಕಟ್ ಬದಲಿಸುವುದಿಲ್ಲ ಅನ್ನುವ ಹಂತಕ್ಕೆ) ಉಳಿದದ್ದು. ಎಷ್ಟು ಸಲ ಬದಲಾವಣೆ ಅಂತಲೂ ಬರೆಯಿರಿ. ನಾನು ಒಂದು ಸಂಸ್ಥೆಗೆ ನಾಲ್ಕು ತಿಂಗಳು ಕೂತು ಚಿತ್ರ ಮುಗಿಸಿ ಕೊಟ್ಟೆ, ಕಡೆಯ ಕಂತು ಇವತ್ತಿನವರೆಗೂ ಬಂದಿಲ್ಲ. ಕಾಗದ ಇರಲಿಲ್ಲ, ಕೇಳಲು ಬಾಯಿ ಇರಲಿಲ್ಲ.

ಎಣ್ಮಕಜೆಯಿಂದ:

ನಾನು ಸಿನಿಮಾದವಳಲ್ಲ. ಆದರೂ ಬರೆಯಬೇಕು ಅನಿಸಿತು.

ನಮ್ಮ ಕಡೆ ಗೇರು ತೋಟಗಳಿಗೆ 2000ನೇ ಇಸವಿಯವರೆಗೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಕೀಟನಾಶಕ ಹೊಡೆದದ್ದು ನಿಮಗೆ ಗೊತ್ತು. ನನ್ನ ತಮ್ಮನಿಗೆ ನಡೆಯಲು ಆಗುವುದಿಲ್ಲ. 2011ರಲ್ಲಿ ಸುಪ್ರೀಂ ಕೋರ್ಟ್ ನಿಷೇಧ ಮಾಡಿದ ಸಮಯದಲ್ಲಿ ನಮ್ಮ ಮನೆಗೆ ಎಷ್ಟೋ ಕ್ಯಾಮೆರಾಗಳು ಬಂದಿದ್ದವು. ಒಂದು ತಂಡದವರು ಎರಡು ದಿನ ಇದ್ದರು. ಒಳ್ಳೆಯ ಜನ, ಅಮ್ಮ ಅವರಿಗೆ ಊಟ ಬಡಿಸಿದರು. ತಮ್ಮ ರೇಡಿಯೋದಲ್ಲಿ ಬರುವ ಹಾಡಿಗೆ ಕೈಯಲ್ಲಿ ತಾಳ ಹಾಕುತ್ತಾನೆ, ಅದನ್ನು ತುಂಬಾ ಹೊತ್ತು ಶೂಟ್ ಮಾಡಿದ್ದರು. ಅವನಿಗೂ ಖುಷಿ.

ಆಮೇಲೆ ಆ ಚಿತ್ರ ನೋಡಿದೆವು. ನಮ್ಮ ಮನೆ ಇದ್ದದ್ದು ಅರ್ಧ ನಿಮಿಷ. ಅಮ್ಮ ಅಳುವುದು, ತಮ್ಮ ನೆಲದಲ್ಲಿ ಮಲಗಿರುವುದು. ರೇಡಿಯೋ ಇಲ್ಲ, ತಾಳ ಇಲ್ಲ. ಸುಳ್ಳು ಯಾವುದೂ ಇರಲಿಲ್ಲ. ಅಮ್ಮ ಅತ್ತದ್ದು ನಿಜ. ಆದರೆ ಎರಡು ದಿನದಲ್ಲಿ ಅಮ್ಮ ಅತ್ತದ್ದು ಒಂದೇ ಸಲ. ಅವರು ನಗುವುದನ್ನು ಯಾರೂ ನೋಡಲಿಲ್ಲ. "ಇದು ನಮ್ಮ ಮನೆ ಅಲ್ಲ" ಅಂತ ಅಮ್ಮ ಹೇಳಿದ್ದು ನನಗೆ ಇನ್ನೂ ನೆನಪಿದೆ. ಆಮೇಲೆ ಬಂದ ಯಾವ ಕ್ಯಾಮೆರಾಕ್ಕೂ ಅವರು ಬಾಗಿಲು ತೆರೆಯಲಿಲ್ಲ.

ತಂಗಿ, ನೀನು ಮಾಡಿದ್ದನ್ನು ಎಲ್ಲರಿಗಿಂತ ಮೊದಲು ನಿನ್ನ ಮಾವನಿಗೂ ಅತ್ತೆಗೂ ತೋರಿಸು. ಅವರ ಮನೆಯಲ್ಲೇ ಕೂತು.

ಪೆರ್ಲದವಳು:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಉತ್ತರ ಬರೆಯಲು ಎರಡು ವಾರ ಆಯಿತು, ಯಾಕೆಂದರೆ ಪೂರ್ತಿ ನೋಡಿ ಮುಗಿಸಿಯೇ ಬರೆಯಬೇಕು ಅಂದುಕೊಂಡೆ. ನಿನ್ನೆ ಮುಗಿಯಿತು. ಎಣ್ಮಕಜೆಯ ಅಕ್ಕಾ, ನೀವು ಬರೆದದ್ದನ್ನು ಬಾವನಿಗೆ ಓದಿ ಹೇಳಿದೆ. ಅವನು ಏನೂ ಮಾತಾಡಲಿಲ್ಲ. ಮರುದಿನ ತಾನೇ ಬಂದು ಆ ಶೂಟ್ ಬೇಡ ಅಂದ. ಈ ವಿಷಯ ಮಾವನಿಗೆ ಹೇಳಿದಾಗ ಅವರ ಮುಖ ಹಗುರಾಯಿತು, ಅದನ್ನು ನಾನು ನೋಡಿದೆ.

ಕುಂಬ್ಳೆಯ ಅಣ್ಣಾ, ಮಾವ ಪಿಕ್ಕಾಸು ಕೆಳಗೆ ಇಟ್ಟ ದಿನ ಇದೆ. 23ನೇ ಕಾರ್ಡ್. ದೀಪ ಆರಿಹೋಗಿ ಹೊರಗೆ ಬರುತ್ತಾರೆ, ಅಡಿಕೆ ಮರದ ಬುಡದಲ್ಲಿ ಕೂತು ಎಲೆ ಹಾಕಿಕೊಳ್ಳುತ್ತಾರೆ, ಅಷ್ಟೇ. ಬಾವ ಕ್ಯಾಮೆರಾ ಆಫ್ ಮಾಡಲು ಮರೆತಿದ್ದ. ಆರು ನಿಮಿಷ ಇದೆ. ನಾನು ಮದುವೆ ವಿಡಿಯೋ ಕಣ್ಣಿನಲ್ಲಿ ನೋಡಿದ್ದರೆ ಅದನ್ನು ಮೊದಲೇ ತೆಗೆದು ಬಿಸಾಡುತ್ತಿದ್ದೆ. ಮತ್ತೆ ಎತ್ತಿಕೊಂಡ ದಿನ 26ನೇ ಕಾರ್ಡಿನಲ್ಲಿದೆ. ಆ ದಿನ ಅತ್ತೆ ಏನೂ ಕೇಳದೆ ಬುಟ್ಟಿ ತೆಗೆದುಕೊಂಡು ಹಿಂದೆ ಹೋಗುತ್ತಾರೆ.

ನೀರು ಬಂದದ್ದು ಹೇಗೆ ಗೊತ್ತಾಯಿತು ಅಂತ ಕೇಳಿದಿರಲ್ಲ. ನಾನು ಸ್ಟುಡಿಯೋದಲ್ಲಿದ್ದೆ. ಅತ್ತೆ ವಾಟ್ಸ್ಆ್ಯಪಿನಲ್ಲಿ ಧ್ವನಿ ಕಳಿಸಿದ್ದರು. ಅವರಿಗೆ ಬರೆಯಲು ಬರುವುದಿಲ್ಲ, ಹಾಗಾಗಿ ಯಾವಾಗಲೂ ಮಾತಾಡಿಯೇ ಕಳಿಸುವುದು. ನಿಮ್ಮ ಪ್ರಶ್ನೆ ಓದಿದ ಮೇಲೆ ಹುಡುಕಿದೆ. ಇದೆ! 11 ಸೆಕೆಂಡ್. ಮೊದಲು ಬರೀ ಉಸಿರು, ಓಡಿಕೊಂಡು ಬಂದ ಹಾಗೆ. ಆಮೇಲೆ "ನೀರ್ ಬತ್ತ್ಂಡ್," ನೀರು ಬಂತು ಅಂತ. ಸ್ವಲ್ಪ ಹೊತ್ತು ಏನೂ ಇಲ್ಲ. ಆಮೇಲೆ ತುಳುವಿನಲ್ಲಿಯೇ, ನಿನ್ನ ಮಾವ ಒಳಗೇ ಕೂತಿದ್ದಾರೆ, ಕರೆದರೂ ಹೊರಗೆ ಬರುತ್ತಿಲ್ಲ ಅಂತ. ಹಿಂದಿನಿಂದ ಒಂದು ಕೋಳಿ ಕೂಗುವುದೂ ಕೇಳುತ್ತದೆ. ಕೇಳಿ ಕೇಳಿ ನಾನು ಅತ್ತುಬಿಟ್ಟೆ. ಇದನ್ನು ಬಳಸಬಹುದಾ? ಕ್ವಾಲಿಟಿ ಅಷ್ಟು ಒಳ್ಳೆಯದಿಲ್ಲ.

ಕುಂಬ್ಳೆಯ ಎಡಿಟರ್:

ಬಳಸು. ಮೊದಲು ಅತ್ತೆಯನ್ನು ಕೇಳು, ಅವರು ಹೂಂ ಅಂದ ಮೇಲೆ.

ಮೊಬೈಲಿನಿಂದ ಮೂಲ ಫೈಲನ್ನೇ ತೆಗೆ, ಸ್ಪೀಕರಿನಲ್ಲಿ ಹಾಕಿ ಮತ್ತೆ ರೆಕಾರ್ಡ್ ಮಾಡಬೇಡ. ಅದು ಓಪಸ್ ಅನ್ನುವ ಬಗೆಯ ಫೈಲ್ ಆಗಿರುತ್ತದೆ, ಆಡಾಸಿಟಿ ಅನ್ನುವ ಸಾಫ್ಟ್‌ವೇರಿನಲ್ಲಿ 48 ಕಿಲೋಹರ್ಟ್ಸ್‌ನ ವೇವ್ ಫೈಲ್ ಮಾಡಿಕೋ. ಶಬ್ದ ಶುದ್ಧ ಮಾಡಲು ಹೋಗಬೇಡ. ಆ ಉಸಿರು, ಕೋಳಿ ಎರಡೂ ಇರಲಿ. ಕೆಳಗೆ ಸಂಗೀತ ಹಾಕಬೇಡ.

ಚಿತ್ರಕ್ಕೆ ಏನು ಅಂತ ಕೇಳುತ್ತೀಯಾ. ಬಾವ ಸುರಂಗದ ಬಾಯಿಯನ್ನು ಹೊರಗಿನಿಂದ ಶೂಟ್ ಮಾಡಿದ್ದು ಖಂಡಿತ ಇರುತ್ತದೆ, ಯಾರೂ ಇಲ್ಲದ್ದು, ಕತ್ತಲೆ ಕಾಣುವಂಥದ್ದು. ಅದನ್ನು ಇಡು. ಧ್ವನಿ ಶುರುವಾಗುವ ಮೊದಲು ನಾಲ್ಕೈದು ಸೆಕೆಂಡ್ ಸುಮ್ನೆ ಬಿಡು. "ಬತ್ತ್ಂಡ್" ಆದ ಮೇಲೆ ಅವರು ಸುಮ್ಮನಿರುತ್ತಾರಲ್ಲ, ಅದರಲ್ಲಿ ಒಂದು ಫ್ರೇಮ್ ಕೂಡ ಕತ್ತರಿಸಬೇಡ. ಸಬ್‌ಟೈಟಲ್ ಕೂಡ ಎರಡಾಗಿ ಒಡೆ, ಮಾವನ ವಿಷಯ ಅವರು ಹೇಳುವ ಮೊದಲೇ ಓದಿಗೆ ಸಿಗಬಾರದು. ಧ್ವನಿ ಮುಗಿದ ಮೇಲೂ ಅದೇ ಶಾಟ್ ಇರಲಿ, ಉಪ್ಪಳದವರು ಹೇಳಿದ ಸುರಂಗದ ಶಬ್ದ ನಿಧಾನ ಮೇಲೆ ಬರಲಿ. ಮಾವ ಇನ್ನೂ ಒಳಗೇ ಇದ್ದಾರೆ.

ರಫ್ ಕಟ್ ಆದ ಮೇಲೆ ಕುಂಬ್ಳೆಗೆ ಬಾ, ಬಾವನನ್ನೂ ಕರೆದುಕೊಂಡು. ಒಟ್ಟಿಗೆ ನೋಡೋಣ.